ಮಾವೋ ಡಾಕ್ಯುಮೆಂಟರಿ: ಗುಬ್ಬಿ ಭಾಗ ಮಾತ್ರ ಬಿಡ್ಬೇಡಿ

ಹೋದ್ವಾರ ಮೂಡಿಗೆರೆ ಕಡೆ ಬಿಡದೇ ಮಳೆ, ತೋಟದ ಕೆಲ್ಸ ನಿಂತೋಗಿತ್ತು, ಹಂಗಾಗಿ ನಾನೂ ಅಪ್ಪನೂ ಕೂತು ಚೀನಾದ ಕಮ್ಯುನಿಸ್ಟ್ ನಾಯಕ ಮಾವೋ ಮೇಲಿನ ಎರಡೂವರೆ ಗಂಟೆ ಡಾಕ್ಯುಮೆಂಟರಿ ನೋಡಿದ್ವಿ, ಕರೆಂಟ್ ಬಂದಾಗ ಬಂದಾಗ ಒಂದೊಂದು ತುಂಡು ಅಂತ ಮುಗಿಸೋಕೆ ಮೂರು ದಿನ ಹಿಡೀತು.

ಶುರು ಮುಕ್ಕಾಲು ಗಂಟೆ ಬೋರು ಮಾರಾಯ್ರೆ. 1934ರ ಲಾಂಗ್ ಮಾರ್ಚು (ಕಮ್ಯುನಿಸ್ಟ್ ಸೈನ್ಯ ಶತ್ರುಗಳಿಂದ ತಪ್ಪಿಸ್ಕೊಂಡು ಸಾವಿರಾರು ಮೈಲಿ ನಡೆದಿದ್ದು), ಮ್ಯಾಪ್ ತುಂಬ ಕೆಂಪು ಬಾಣ, 1949ರಲ್ಲಿ ಕಮ್ಯುನಿಸ್ಟ್ ಚೀನಾದ ಘೋಷಣೆ, ಎಲ್ಲ ಹೈಸ್ಕೂಲ್ ಪಾಠದ ಥರ.

ಆಮೇಲೆ 1958 ಬರುತ್ತೆ. ಗುಬ್ಬಿ ಕಾಳು ತಿನ್ನುತ್ತೆ ಅಂತ ಊರಿಗೂರೇ ತಟ್ಟೆ ಡಬ್ಬ ಬಡ್ಕೊಂಡು, ಎಲ್ಲೂ ಕೂರೋಕೆ ಬಿಡದೆ, ಹಾರಿ ಹಾರಿ ಸುಸ್ತಾಗಿ ಬಿದ್ದು ಸಾಯೋ ಹಾಗೆ ಮಾಡ್ತಾರೆ. ಗದ್ದೇಲಿ ನಾವೂ ಡಬ್ಬ ಬಡ್ದೋರೇ, ಆದ್ರೆ ಅದು ಹುಳಾನೂ ತಿನ್ನುತ್ತಲ್ವಾ! ಮಿಡತೆ ಎದ್ಮೇಲೆ ಬುದ್ಧಿ ಬಂದು 1960ರಲ್ಲಿ ಸರ್ಕಾರದ 'ಕೊಲ್ಬೇಕಾದ ಪೀಡೆ'ಗಳ ಪಟ್ಟಿಯಿಂದ ಗುಬ್ಬಿ ತೆಗೆದು ತಿಗಣೆ ಹಾಕಿದ್ರಂತೆ, ಅಪ್ಪ ನಕ್ಕಿದ್ದೇ ನಕ್ಕಿದ್ದು.

ಆ ನಗು ಜಾಸ್ತಿ ಹೊತ್ತು ಇರ್ಲಿಲ್ಲ. ಕಮ್ಯೂನ್‌ನೋರು (ಊರೂರು ಸೇರಿಸಿ ಮಾಡಿದ ಸಾಮೂಹಿಕ ಬೇಸಾಯದೋರು) ಪೈಪೋಟಿ ಮೇಲೆ ಸುಳ್ಳು ಇಳುವರಿ ಬರೆಸ್ತಾರೆ, ಪೇಪರ್‌ನಲ್ಲಿ ತೆನೆ ಮೇಲೆ ಮಕ್ಕಳು ನಿಂತಿರೋ ಫೋಟೋ ಬೇರೆ. ಅಪ್ಪ ನೋಡಿದ ತಕ್ಷಣ "ಕೆಳಗೆ ಬೆಂಚ್ ಇಟ್ಟಿದಾರೆ ಕಣೋ" ಅಂದ್ರು, ನಿಜವಾಗ್ಲೂ ಇಟ್ಟಿದ್ರು. ಆ ಸುಳ್ಳು ಲೆಕ್ಕ ಹಿಡ್ಕೊಂಡೇ ಸರ್ಕಾರ ಧಾನ್ಯ ಎತ್ಕೊಂಡು ಹೋಗಿದ್ದು. ಸರ್ಕಾರಕ್ಕೆ ಕಡ್ಡಾಯವಾಗಿ ಲೆವಿ ಭತ್ತ ಅಳೆದು ಕೊಟ್ಟೋರು ಅಪ್ಪ, ಅಲ್ಲಿಂದ ಮುಂದೆ ಮಾತೇ ಆಡ್ಲಿಲ್ಲ. ಆ ಬರಗಾಲದಲ್ಲಿ ಸತ್ತೋರು ಒಂದೂವರೆ ಕೋಟಿ ಅನ್ನೋರಿದಾರೆ, ನಾಲ್ಕೂವರೆ ಕೋಟಿ ಅನ್ನೋರೂ ಇದಾರೆ. ಇಷ್ಟು ದೊಡ್ಡ ಕಥೆಗೆ ಇವ್ರು ಕೊಟ್ಟಿರೋದು ಹತ್ತು ನಿಮಿಷ, ಯಾಂಗ್‌ತ್ಸೆ ಹೊಳೇಲಿ 72 ವರ್ಷದ ಮಾವೋ ಈಜೋದನ್ನ ಮಾತ್ರ ತಿರುಗಿಸಿ ಮುರುಗಿಸಿ ತೋರಿಸ್ತಾರೆ, ನಂಗೆ ಸಿಟ್ಟು ಬಂದಿದ್ದು ಅಲ್ಲೇ.

ಸಾಂಸ್ಕೃತಿಕ ಕ್ರಾಂತಿ (ಹಳೇದೆಲ್ಲ ಕಿತ್ತಾಕಿ ಅಂತ 1966ರಲ್ಲಿ ಮಾವೋ ಹುಡುಗರನ್ನ ಎತ್ತಿಕಟ್ಟಿದ್ದು) ಭಾಗ ಪರವಾಗಿಲ್ಲ. ಮೇಷ್ಟ್ರಿಗೆ ಕಾಗದದ ಟೋಪಿ ಹಾಕಿ ಸ್ಟೂಡೆಂಟ್ಸೇ ಹೊಡೆಯೋದು ನೋಡೋಕಾಗಲ್ಲ, ರಾಷ್ಟ್ರಾಧ್ಯಕ್ಷ ಆಗಿದ್ದ ಲಿಯು ಶಾವೋಚಿನೂ ಬಂಧನದಲ್ಲೇ 1969ರಲ್ಲಿ ಸತ್ತ. ಮಧ್ಯದಲ್ಲಿ ಒಂದು ಮಾವಿನಹಣ್ಣಿನ ಕಥೆ ಇದೆ, 1968ರಲ್ಲಿ ಪಾಕಿಸ್ತಾನದ ಮಂತ್ರಿ ಕೊಟ್ಟ ಹಣ್ಣನ್ನ ಮಾವೋ ಕಾರ್ಮಿಕರಿಗೆ ಕಳಿಸಿದ್ದೇ ತಡ ಮೇಣದಲ್ಲಿ ಹಣ್ಣು ಮಾಡ್ಸಿ ಮೆರವಣಿಗೆ! ಅಪ್ಪ ಬಾಯಿ ಬಿಟ್ಟಿದ್ದು ಆವಾಗ್ಲೇ, "ತಿಂದ್ರೋ ಇಲ್ವೋ ಅದನ್ನ?" ಅಂತ.

ಸಬ್‌ಟೈಟಲ್ ಬಿಳಿ, ಹಳೇ ರೀಲೂ ಬಿಳಿ, ಅರ್ಧ ಓದಕ್ಕೇ ಆಗ್ಲಿಲ್ಲ, ಕನ್ನಡವಂತೂ ಇಲ್ಲ, ಅಪ್ಪಂಗೆ ನಾನೇ ನಿಲ್ಸಿ ನಿಲ್ಸಿ ಹೇಳ್ಬೇಕಾಯ್ತು. ನೋಡೋದಾದ್ರೆ ಮೊದಲ 45 ನಿಮಿಷ ಓಡಿಸ್ಬಿಡಿ. ಐದಕ್ಕೆ ಮೂರು ಸ್ಟಾರ್, ಅದ್ರಲ್ಲಿ ಎರಡು ಗುಬ್ಬಿಗೆ.