ಪೋಷಕ ಪಾತ್ರ ಹುಡುಕುವವರಿಗೆ ಆಡಿಷನ್ ಪ್ಯಾಕೇಜ್: ಹಾಸನ ಬಿ.ಎಂ. ರಸ್ತೆಯ ಸ್ಟುಡಿಯೋ ಹೇಗಿದೆ?

ಮದುವೆ, ಪ್ರೀ-ವೆಡ್ಡಿಂಗ್ ಅಂತ ಇದ್ದ ಸ್ಟುಡಿಯೋ ಈಗ ಸೀರಿಯಲ್, ಸಿನಿಮಾದಲ್ಲಿ ಪೋಷಕ ಪಾತ್ರ ಹುಡುಕುವವರಿಗೂ ಪ್ಯಾಕೇಜ್ ಇಟ್ಟಿದೆ. ಎಂಟು ಫೋಟೋ, ಒಂದು ಪರಿಚಯದ ವಿಡಿಯೋ, ಎರಡು ಆಡಿಷನ್ ದೃಶ್ಯ, 4,000 ರೂಪಾಯಿ. ಪಾತ್ರ ಕೊಡಿಸ್ತೀವಿ ಅನ್ನೋ ಮಾತನ್ನೇ ಆಡುವುದಿಲ್ಲ, ಮೊದಲ ಮೆಚ್ಚುಗೆ ಅದಕ್ಕೆ. ‘ರಿಜಿಸ್ಟ್ರೇಷನ್’ ಅಂತ ನಟರಿಂದಲೇ ದುಡ್ಡು ಕಟ್ಟಿಸಿಕೊಳ್ಳುವ ಕಡೆಗೆ ತಲೆ ಹಾಕದಿರುವುದೇ ಲೇಸು.

ಫೋಟೋ ಕೆಲಸ ಅಚ್ಚುಕಟ್ಟು. ತಿಳಿಬೂದು ಗೋಡೆ, ಒಂದು ಕಡೆಯಿಂದ ಮೆದು ಬೆಳಕು. ಎದೆಮಟ್ಟದ್ದು, ಪೂರ್ತಿ ನಿಂತದ್ದು, ಎಡ-ಬಲದ ಪಕ್ಕದ ಮುಖ, ಕನ್ನಡಕ ಹಾಕಿ ಒಂದು, ತೆಗೆದು ಒಂದು. ಪಂಚೆ-ಶರ್ಟು, ಆಫೀಸಿನ ಪ್ಯಾಂಟು-ಶರ್ಟು; ಹೆಂಗಸರಾದರೆ ಕಾಟನ್ ಸೀರೆ, ಚೂಡಿದಾರ್ ಇದ್ದರೆ ಸಾಕು. ಸಣ್ಣ ಗೆರೆಯ ಬಟ್ಟೆ ಬೇಡ, ಸ್ಕ್ರೀನ್ ಮೇಲೆ ಗೆರೆಗಳು ನಡುಗಿದಂತೆ ಕಾಣುತ್ತವೆ. ಅಚ್ಚಬಿಳಿಯೂ ಬೇಡ, ಮುಖಕ್ಕೆ ತಕ್ಕಂತೆ ಕ್ಯಾಮೆರಾದ ಬೆಳಕು (ಎಕ್ಸ್‌ಪೋಶರ್) ಹೊಂದಿಸಿದರೆ ಬಟ್ಟೆ ಮಡಿಕೆಯೂ ಕಾಣದಷ್ಟು ಬೆಳ್ಳಗಾಗಿಬಿಡುತ್ತದೆ. ಒಂದೇ ತೊಂದರೆ, ಮದುವೆ ಆಲ್ಬಂ ಅಭ್ಯಾಸಬಲದಿಂದ ಚರ್ಮವನ್ನು ನುಣ್ಣಗೆ ಮಾಡಿಬಿಡುತ್ತಾರೆ. ಮಾವನ ಪಾತ್ರಕ್ಕೆ ಆಳು ಹುಡುಕುವವರು ನೋಡುವುದೇ ಹಣೆಯ ಗೆರೆ, ಕಿವಿ ಪಕ್ಕದ ನರೆ. ಅದನ್ನೇ ಅಳಿಸಿದರೆ ಇನ್ನೇನು ಉಳಿಯಿತು? ರೀಟಚ್ ಬೇಡ ಅಂತ ಮೊದಲೇ ಹೇಳಿ, ಕೇಳುತ್ತಾರೆ.

ವಿಡಿಯೋ ವಿಚಾರಕ್ಕೆ ಬಂದರೆ ಹುಷಾರಾಗಿರಬೇಕು. ಪರಿಚಯದ ಭಾಗಕ್ಕೆ ತಕರಾರಿಲ್ಲ: ಹೆಸರು, ವಯಸ್ಸು, ಎತ್ತರ, ಊರು, ಬರುವ ಭಾಷೆಗಳು, ಮುಖ ಎರಡೂ ಪಕ್ಕಕ್ಕೆ ತಿರುಗಿಸುವುದು, ಅರ್ಧ ನಿಮಿಷಕ್ಕೆ ಮುಗಿಯುತ್ತದೆ. ದೃಶ್ಯದಲ್ಲಿ ಕ್ಯಾಮೆರಾ ಕಣ್ಣಿನ ಮಟ್ಟಕ್ಕೇ ಇಡುತ್ತಾರೆ, ಎದುರು ಮಾತು ಓದುವವರನ್ನು ಲೆನ್ಸ್‌ಗೆ ಒತ್ತಿದಂತೆ ನಿಲ್ಲಿಸುತ್ತಾರೆ. ನೋಟ ಸರಿಯಾಗಿ ಬರುತ್ತದೆ. ಆದರೆ ಓದುವವರು ಕ್ಯಾಮೆರಾ ಮೈಕಿಗೆ ಹತ್ತಿರ, ನಟರು ದೂರ. ಹೀಗಾಗಿ ಓದುವವರ ದನಿಯೇ ಜೋರಾಗಿ, ನಟರ ದನಿ ಅಡಗುತ್ತದೆ. ಕಾಲರ್ ಮೈಕ್ ಕೇಳಿ ಹಾಕಿಸಿಕೊಳ್ಳಿ. ಶರ್ಟಿನ ಒಳಗಲ್ಲ, ಹೊರಗೆ, ಇಲ್ಲದಿದ್ದರೆ ಬಟ್ಟೆಯ ಸರಸರ ಸದ್ದು ಕೂರುತ್ತದೆ. ಫ್ಯಾನ್ ಆರಿಸಿಸಿ. ಬಿ.ಎಂ. ರಸ್ತೆಯ ಹಾರನ್‌ಗೆ ಮಾತ್ರ ಯಾವ ಮದ್ದೂ ಇಲ್ಲ, ಬೆಳಗ್ಗೆ ಬೇಗ ಹೋಗಬೇಕು ಅಷ್ಟೆ.

ದೊಡ್ಡ ಎಡವಟ್ಟು ಎಡಿಟಿಂಗ್‌ನಲ್ಲಿ. ‘ಲ್ಯಾಗ್ ಆಗುತ್ತೆ’ ಅಂತ ಎದುರಿನವರ ಮಾತನ್ನೂ, ಆ ಹೊತ್ತಿನ ನಟರ ಮುಖವನ್ನೂ ಕತ್ತರಿಸಿ, ಡೈಲಾಗಿಗೆ ಡೈಲಾಗು ಅಂಟಿಸುತ್ತಾರೆ. ಪೋಷಕ ಪಾತ್ರದ ಅರ್ಧ ಕೆಲಸ ಕೇಳಿಸಿಕೊಳ್ಳುವುದು. ಸೀರಿಯಲ್‌ನಲ್ಲಂತೂ ಸೊಸೆ ಒಂದು ಮಾತಾಡಿದರೆ ಮನೆಯವರ ಮುಖಗಳ ಮೇಲೆ ಸಾಲಾಗಿ ರಿಯಾಕ್ಷನ್ ಶಾಟ್. ಆ ಮುಖ ತುಂಬುವವರು ಬೇಕು ಅಂತಲೇ ಆಡಿಷನ್. ಇದೇ ಜಿಲ್ಲೆಯ ಅರಸೀಕೆರೆಯಲ್ಲಿ 1911ರಲ್ಲಿ ಹುಟ್ಟಿದ ಕನ್ನಡ ಸಿನಿಮಾ ನಟ ಟಿ.ಎನ್. ಬಾಲಕೃಷ್ಣ ಅವರಿಗೆ ಕಿವಿ ಮಂದ. ಎದುರಿನವರ ತುಟಿಯ ಚಲನೆ ನೋಡಿಕೊಂಡೇ ಮಾತಿಗೆ ಮಾತು ಕೂರಿಸುತ್ತಿದ್ದರು. ಹಾಸನದಲ್ಲೇ ಕೂತು ಆ ಪಾಠ ಮರೆತರೆ ಹೇಗೆ? ಕಟ್ ಇಲ್ಲದ ಒಂದೇ ಟೇಕ್, ಒಂದೂವರೆ ನಿಮಿಷದೊಳಗಿನದು ಕೊಡಿ ಅಂತ ಖಡಾಖಂಡಿತವಾಗಿ ಹೇಳಿ. ಹಿನ್ನೆಲೆ ಸಂಗೀತವನ್ನೂ ಬೇಡ ಅನ್ನಿ, ಕೇಳದಿದ್ದರೂ ಸೇರಿಸುತ್ತಾರೆ.

ಫೈಲುಗಳನ್ನು ವಾಟ್ಸಾಪ್‌ನಲ್ಲಿ ವಿಡಿಯೋ ಆಗಿ ಕಳಿಸುವುದರಿಂದ ಗುಣಮಟ್ಟ ಕುಸಿಯುತ್ತದೆ. ಡಾಕ್ಯುಮೆಂಟ್ ಆಗಿ ಅಥವಾ ಡ್ರೈವ್ ಲಿಂಕ್ ಕೇಳಿ; ಫೈಲಿಗೆ ಹೆಸರು, ವಯಸ್ಸು, ಊರು ಇರಲಿ. ಲಗ್ನದ ಸೀಸನ್‌ನಲ್ಲಿ ಡೆಲಿವರಿ ಎಳೆದಾಡುತ್ತದೆ. ಅರ್ಧ ಅಡ್ವಾನ್ಸ್ ಸಾಕು. ಎಡಿಟ್ ಮಾಡದ ಮೂಲ ಫೈಲ್ ಪೆನ್‌ಡ್ರೈವ್‌ಗೆ ಬಿದ್ದ ಮೇಲೆ, ಅಲ್ಲೇ ಒಮ್ಮೆ ಓಡಿಸಿ ನೋಡಿ ಬಾಕಿ ಕೊಡಿ.