ಮಾಲೀಕರು ‘ಆಯ್ತು ಬಿಡಪ್ಪ’ ಅಂದರು, ಆಮೇಲೆ ಹೈಕೋರ್ಟ್ ನೋಟಿಸ್ ಬಂತು

ಬಾಡಿಗೆ ಮನೆ, ಅಂಗಡಿ ಖಾಲಿ ಮಾಡಲು ಕೋರ್ಟಿನಿಂದ ಟೈಮ್ ತೆಗೆದುಕೊಂಡಿರುವವರು ದಯವಿಟ್ಟು ಇದನ್ನು ಓದಿ.

ಮಂಡ್ಯದಲ್ಲಿ ನಮ್ಮದು ಹಿಟ್ಟಿನ ಗಿರಣಿ. ಅಪ್ಪನ ಕಾಲದಿಂದ ಅದೇ ಬಾಡಿಗೆ ಮಳಿಗೆ. ಖಾಲಿ ಮಾಡಿಸಲು ಮಾಲೀಕರು ಹಾಕಿದ ಕೇಸಿನಲ್ಲಿ ಸೋತೆವು, ಹೈಕೋರ್ಟಿನಲ್ಲೂ ಸೋತೆವು. ಆದರೆ ಆರು ತಿಂಗಳ ಗಡುವು ಸಿಕ್ಕಿತು. ಅದಕ್ಕೆ ಅಫಿಡವಿಟ್‌ನಲ್ಲಿ ಮುಚ್ಚಳಿಕೆ ಬರೆದುಕೊಡಬೇಕಿತ್ತು. ಇಂಗ್ಲಿಷಿನಲ್ಲಿ ಟೈಪ್ ಮಾಡಿದ ಎರಡು ಹಾಳೆ. ಗುಮಾಸ್ತರು ಪೆನ್ಸಿಲ್‌ನಲ್ಲಿ ಗುರುತು ಹಾಕಿದ್ದ ಕಡೆ ಸಹಿ ಮಾಡಿ ಊರಿಗೆ ಬಂದುಬಿಟ್ಟೆ. ಬಾಡಿಗೆ ಬಾಕಿ ಇಡುವುದಿಲ್ಲ, ಬೇರೆಯವರನ್ನು ಒಳಗೆ ಬಿಡುವುದಿಲ್ಲ, ಇಂಥ ದಿನ ಬೀಗದ ಕೈ ಒಪ್ಪಿಸುತ್ತೇನೆ ಅಂತ ಅದರಲ್ಲಿತ್ತು. ಸಾಲುಸಾಲಾಗಿ ಓದಿಸಿಕೊಂಡಿದ್ದು ನೋಟಿಸ್ ಬಂದ ಮೇಲೆ.

ಹೊಸ ಜಾಗ ಸಿಕ್ಕಿತ್ತು. ಗಿರಣಿ ಓಡಲು ತ್ರೀ ಫೇಸ್ ಕರೆಂಟ್ ಬೇಕಲ್ವಾ, ಅದು ತಡವಾಯಿತು. ಗಡುವಿಗೆ ಹತ್ತು ದಿನ ಇರುವಾಗ ಮಾಲೀಕರ ಮನೆಗೆ ಹೋಗಿ ಕೈ ಮುಗಿದೆ. "ಆಯ್ತು ಬಿಡಪ್ಪ, ಕರೆಂಟ್ ಬಂದ್ಮೇಲೆ ಹೋಗುವಂತೆ" ಅಂದರು. ಮಜ್ಜಿಗೆ ಕೊಟ್ಟು ಕಳಿಸಿದರು. ಮುಂದಿನ ಎರಡು ತಿಂಗಳ ಬಾಡಿಗೆಯನ್ನೂ ತೆಗೆದುಕೊಂಡರು. ಕೈಯಲ್ಲೇ ದುಡ್ಡು, ರಸೀದಿ ಇಲ್ಲ.

ಮೂರನೇ ತಿಂಗಳು ನ್ಯಾಯಾಂಗ ನಿಂದನೆ ನೋಟಿಸ್ ಬಂತು. ಅದರಲ್ಲಿ ನಾನು ‘ಆರೋಪಿ’. ಅಮ್ಮ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ಮಾಲೀಕರ ಅರ್ಜಿಯಲ್ಲಿ ‘ಆಯ್ತು ಬಿಡಪ್ಪ’ ಅಂದ ಸುಳಿವೇ ಇರಲಿಲ್ಲ.

"ಅವರೇ ಒಪ್ಪಿದ್ದರು ಸಾರ್" ಅಂತ ವಕೀಲರ ಮುಂದೆ ಗೋಳಾಡಿದೆ. "ನೀನು ಮಾತು ಕೊಟ್ಟಿದ್ದು ಅವರಿಗಲ್ಲಪ್ಪ, ಕೋರ್ಟಿಗೆ" ಅಂದರು. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ ಪ್ರಕಾರ ಕೋರ್ಟಿನ ಆದೇಶವನ್ನಷ್ಟೇ ಅಲ್ಲ, ಕೋರ್ಟಿಗೆ ಕೊಟ್ಟ ಮುಚ್ಚಳಿಕೆಯನ್ನು ಬೇಕೆಂದೇ ಮುರಿದರೂ ಅದು ನಿಂದನೆಯೇ. 6 ತಿಂಗಳವರೆಗೆ ಜೈಲು, 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ ಆಗಬಹುದು. ದಂಡ ಸಣ್ಣದು ಅನ್ನಿಸುತ್ತೆ. ಜೈಲು ಅನ್ನೋ ಮಾತು ಕೇಳಿ ನನ್ನ ಕೈಕಾಲು ತಣ್ಣಗಾದವು. ಎರಡು ತಿಂಗಳು ಯಾರೂ ಏನೂ ಕೇಳಲಿಲ್ಲ ಅಂದರೆ ಮುಗೀತು ಅಂತಲೂ ಅಲ್ಲ. ಮುಚ್ಚಳಿಕೆ ಮುರಿದ ದಿನದಿಂದ ಒಂದು ವರ್ಷದವರೆಗೆ ಅರ್ಜಿ ಹಾಕಬಹುದು.

ಆ ‘ಬೇಕೆಂದೇ’ ಅನ್ನೋ ಪದವೇ ನಮಗೆ ಉಳಿದಿದ್ದ ದಾರಿ. ಕರೆಂಟಿಗೆ ಅರ್ಜಿ ಕೊಟ್ಟ ರಸೀದಿ, ತಾರೀಖಿನ ಸೀಲ್ ಸಮೇತ, ಹಿಟ್ಟಿನ ಡಬ್ಬದ ಹಿಂದೆ ಸಿಕ್ಕಿತು. ಕರೆಂಟ್ ಇಲ್ಲದ ಹೊಸ ಜಾಗಕ್ಕೇ ಮಿಷನ್ ಸಾಗಿಸಿ, ಬೀಗದ ಕೈ ಒಪ್ಪಿಸಿ, ಬೇಷರತ್ ಕ್ಷಮೆ ಕೇಳುವ ಅಫಿಡವಿಟ್ ಮಾಡಿಸಿದೆವು. ಬೆಳಗಿನ ರೈಲಿಗೆ ಬೆಂಗಳೂರಿಗೆ ಹೋಗಿ ಕೋರ್ಟ್ ಹಾಲಿನಲ್ಲಿ ನಿಂತೆ. ನ್ಯಾಯಮೂರ್ತಿಗಳು ಕೇಳಿದ್ದು ಒಂದೇ ಪ್ರಶ್ನೆ: "ಗಡುವು ಮುಗಿಯುವ ಮೊದಲೇ ಇಲ್ಲಿಗೆ ಯಾಕೆ ಬರಲಿಲ್ಲ?" ನನ್ನ ಹತ್ತಿರ ಉತ್ತರ ಇರಲಿಲ್ಲ. ಕ್ಷಮೆ ಒಪ್ಪಿ ಕೇಸ್ ಮುಗಿಸಿದರು. ಎಲ್ಲರಿಗೂ ಹೀಗೇ ಆಗುತ್ತೆ ಅಂದುಕೊಳ್ಳಬೇಡಿ.

ನಿಮಗೂ ಗಡುವು ಸಾಲದು ಅನ್ನಿಸಿದರೆ ಮಾಲೀಕರ ಮನೆಗೆ ಹೋಗುವ ಮೊದಲು ವಕೀಲರ ಹತ್ತಿರ ಹೋಗಿ. ಗಡುವು ಮುಗಿಯುವುದರೊಳಗೆ ಟೈಮ್ ಕೇಳಿ ಅರ್ಜಿ ಹಾಕಿಸಿ. ಮಾಲೀಕರು ಒಪ್ಪಿದರೆ ಒಳ್ಳೆಯದೇ, ಇಬ್ಬರೂ ಸಹಿ ಹಾಕಿ ಜಂಟಿ ಮೆಮೊ ಕೋರ್ಟಿಗೆ ಕೊಡಿ. ಬಾಡಿಗೆಯನ್ನು ಬ್ಯಾಂಕ್ ಮೂಲಕವೇ ಕಟ್ಟಿ. ಸಹಿ ಮಾಡಿದ ಅಫಿಡವಿಟ್ ನಿಮ್ಮ ಕೈಯಲ್ಲಿ ಇಲ್ಲದಿದ್ದರೆ ನಾಳೆಯೇ ಒಂದು ಜೆರಾಕ್ಸ್ ತೆಗೆದುಕೊಂಡು, ಪ್ರತಿ ಸಾಲನ್ನೂ ಕನ್ನಡದಲ್ಲಿ ಓದಿಸಿಕೊಳ್ಳಿ.