ಎಲೆಕ್ಟ್ರಿಕ್ ಎಡ್ವರ್ಡಿಯನ್ಸ್ ಡಿವಿಡಿ: ಸಮುದ್ರ ದಡದ ಭಾಗಕ್ಕಾದರೂ ನೋಡಲೇಬೇಕು

ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ 2005ರಲ್ಲಿ ಹೊರತಂದ ಈ ಡಿವಿಡಿ ನನಗೆ ತುಂಬಾ ಇಷ್ಟ. ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್ ಊರಿನ ಮಿಚೆಲ್ ಮತ್ತು ಕೆನ್ಯನ್ 1900ರ ಆಸುಪಾಸಿನಲ್ಲಿ ತೆಗೆದ ಪುಟ್ಟ ಪುಟ್ಟ ಮೂಕಿ ಚಿತ್ರಗಳು ಇದರಲ್ಲಿವೆ. 1994ರಲ್ಲಿ ಅವರ ಹಳೇ ಅಂಗಡಿ ಖಾಲಿ ಮಾಡುವಾಗ ನೆಲಮಾಳಿಗೆಯ ಲೋಹದ ಪೀಪಾಯಿಗಳಲ್ಲಿ ಸುಮಾರು 800 ನೆಗೆಟಿವ್ ರೀಲುಗಳು ಸಿಕ್ಕವಂತೆ! ಪ್ರೊಜೆಕ್ಟರಿನಲ್ಲಿ ಓಡಿ ಓಡಿ ಸವೆದ ಪ್ರತಿಗಳಲ್ಲ, ಮೂಲ ನೆಗೆಟಿವ್‌ಗಳೇ. ಅದಕ್ಕೇ ಚಿತ್ರ ಇಷ್ಟು ಸ್ಪಷ್ಟ.

ಕಾರ್ಖಾನೆ ಬಿಟ್ಟು ಹೊರಬರುವ ಕೆಲಸಗಾರರು, ಟ್ರಾಮು, ಫುಟ್‌ಬಾಲು ಎಲ್ಲ ಇದೆ, ಚೆನ್ನಾಗಿಯೂ ಇದೆ. ಆದರೆ ನಾನು ಮತ್ತೆ ಮತ್ತೆ ಹಾಕಿಕೊಂಡು ನೋಡುವುದು ಬ್ಲ್ಯಾಕ್‌ಪೂಲ್, ಮೋರ್‌ಕ್ಯಾಂಬ್ ಸಮುದ್ರ ದಡದ ಭಾಗಗಳನ್ನೇ. 1901ರ ಮೋರ್‌ಕ್ಯಾಂಬ್ ಚಿತ್ರದಲ್ಲಿ ಕ್ಯಾಮೆರಾ ಗಾಡಿ ಮೇಲೆ ಕೂತು ದಡದ ರಸ್ತೆಯುದ್ದಕ್ಕೂ ಸಾಗುತ್ತದೆ, ಅಂಗಡಿಗಳು, ಕುದುರೆ ಗಾಡಿಗಳು, ಸುಮ್ನೆ ಅಡ್ಡಾಡುವ ಜನ, ಎಲ್ಲ ಒಂದೊಂದಾಗಿ ಹಿಂದೆ ಸರಿಯುತ್ತಾ ಹೋಗುತ್ತವೆ. ಕತೆ ಇಲ್ಲ, ಏನೂ ಆಗುವುದಿಲ್ಲ. ಆದರೂ ಕಣ್ಣು ಕೀಳೋಕೆ ಆಗಲ್ಲ.

ಪಿಯರ್ ಮೇಲಿನ ಚಿತ್ರಗಳು ಇನ್ನೂ ಚೆಂದ. ಸಮುದ್ರದೊಳಕ್ಕೆ ಚಾಚಿಕೊಂಡ ಆ ಕಟ್ಟೆ ಮೇಲೆ ರಜೆಗೆ ಬಂದವರು ಒಳ್ಳೊಳ್ಳೆ ಬಟ್ಟೆ ಹಾಕಿಕೊಂಡು ನೇರ ಕ್ಯಾಮೆರಾ ಕಡೆಗೇ ನಡೆದು ಬರುತ್ತಾರೆ. ಬರಿದಲೆಯವರು ಸಿಗುವುದೇ ಅಪರೂಪ, ಎಲ್ಲರಿಗೂ ಟೋಪಿ. ಕೆಲವರು ನಾಚಿ ಮುಖ ತಿರುಗಿಸುತ್ತಾರೆ, ಕೆಲವರು ನಮ್ಮನ್ನೇ ದಿಟ್ಟಿಸುತ್ತಾರೆ. ಇದಕ್ಕೊಂದು ಕಾರಣ ಇದೆ. ಊರೂರು ಸುತ್ತುವ ಜಾತ್ರೆ ಪ್ರದರ್ಶಕರು ಇವನ್ನು ತೆಗೆಸುತ್ತಿದ್ದರು. ತಮ್ಮನ್ನು ತಾವೇ ಪರದೆ ಮೇಲೆ ನೋಡೋಕೆ ಅದೇ ಜನ ಕಾಸು ಕೊಟ್ಟು ಬರಬೇಕಿತ್ತು, ಹಾಗಾಗಿ ಎಷ್ಟು ಜಾಸ್ತಿ ಮುಖ ಸಿಕ್ಕರೆ ಅಷ್ಟು ಲಾಭ ಅಲ್ವಾ? ವ್ಯಾಪಾರಕ್ಕೆ ಮಾಡಿದ ಕೆಲಸದಲ್ಲಿ ಸಾಮಾನ್ಯ ಜನರ ಮುಖಗಳು ಹೀಗೆ ಉಳಿದುಬಿಟ್ಟಿವೆಯಲ್ಲ, ನನಗೆ ಅದೇ ದೊಡ್ಡ ವಿಷಯ.

ಓಟದ ವೇಗವನ್ನೂ ಸರಿಹೊಂದಿಸಿದ್ದಾರೆ. ಆ ಕಾಲದ ಕ್ಯಾಮೆರಾವನ್ನು ಕೈಯಲ್ಲಿ ತಿರುಗಿಸುತ್ತಿದ್ದರು, ವೇಗ ತಪ್ಪಿದರೆ ಜನ ಗಡಿಬಿಡಿಯಲ್ಲಿ ಓಡಿದಂತೆ ಕಾಣುತ್ತದೆ. ಇಲ್ಲಿ ಮನುಷ್ಯರು ಮನುಷ್ಯರ ಹಾಗೇ ನಡೆಯುತ್ತಾರೆ.

ಹಿಡಿಸದೇ ಇದ್ದದ್ದು ಸಂಗೀತ. ಇನ್ ದ ನರ್ಸರಿ ತಂಡದ್ದು, ಕೇಳೋಕೆ ಚೆನ್ನಾಗಿದೆ, ಆದರೆ ಖುಷಿಯಾಗಿ ಅಡ್ಡಾಡುವ ಜನರ ಮೇಲೆ ವಿಷಾದ ಹೊದಿಸಿದಂತಾಗುತ್ತದೆ. ಪಿಯರ್ ಭಾಗ ಬಂದಾಗ ನಾನಂತೂ ಮ್ಯೂಟ್ ಮಾಡುತ್ತೇನೆ. ಇತಿಹಾಸಕಾರ್ತಿ ವನೆಸ್ಸಾ ಟೌಲ್ಮಿನ್ ಅವರ ಕಾಮೆಂಟರಿ ಮಾತ್ರ ಬಿಡಬೇಡಿ. ಮೊದಲು ಸುಮ್ನೆ ನೋಡಿ, ಆಮೇಲೆ ಅದನ್ನು ಹಾಕಿಕೊಂಡು ಇನ್ನೊಮ್ಮೆ ನೋಡಿ.